ಈ ‘ಸೈಬರ್ ಖದೀಮರು’ ಅಂದ್ರೆ ಯಾರು?

ಕನ್ನಡ ಪತ್ರಿಕೆಯ ಡೆಸ್ಕಿನಲ್ಲಿ ಕೂತವರಿಗೆ ‘ಖದೀಮರು’ ತುಂಬ ಉಪಕಾರಿ ಪದ. ನಾಲ್ಕೇ ಅಕ್ಷರ, ಸಿಂಗಲ್ ಕಾಲಂ ಸುದ್ದಿಗೂ ಸಲೀಸಾಗಿ ಕೂರುತ್ತದೆ. ‘ವಂಚಕರು’ ಕೂಡ ನಾಲ್ಕೇ ಅಕ್ಷರ, ಆದರೆ ಸಪ್ಪೆ. ಖದೀಮರು ಅಂದರೆ ಸ್ವಲ್ಪ ಖಾರ ಇರುತ್ತದೆ. ಹಾಗಾಗಿ ಎಟಿಎಂ ಒಡೆದವರೂ ಖದೀಮರು, ಒಣಗಲು ಹಾಕಿದ ಅಡಿಕೆ ಕದ್ದವರೂ ಖದೀಮರು, ದೇವಸ್ಥಾನದ ಹುಂಡಿಗೆ ಕೈಹಾಕಿದವರೂ ಖದೀಮರು. ಈಗ ಕೆಲವು ವರ್ಷಗಳಿಂದ ಅದರ ಮೊದಲಿಗೆ ಒಂದು ‘ಸೈಬರ್’ ಸೇರಿಸಿ ಆನ್‌ಲೈನ್ ಮೋಸಕ್ಕೂ ಅದನ್ನೇ ಬಳಸುತ್ತಿದ್ದೇವೆ.

ಪದದ ಮೂಲ ನೋಡಿದರೆ ನಗು ಬರುತ್ತದೆ. ಅರಬ್ಬಿಯ ‘ಖದೀಮ್’ ಅಂದರೆ ಹಳೆಯದು, ಪುರಾತನವಾದದ್ದು. ಕನ್ನಡಕ್ಕೆ ಬಂದು ಪಳಗಿದ ಕಳ್ಳ, ಹಳೇ ಆಸಾಮಿ ಅನ್ನುವ ಅರ್ಥ ಪಡೆಯಿತು. ಪೊಲೀಸರು ಫೋಟೊಗೆ ಸಾಲಾಗಿ ನಿಲ್ಲಿಸುವ ಸೈಬರ್ ಖದೀಮರನ್ನು ನೋಡಿ, ಅರ್ಧ ಜನಕ್ಕೆ ಮೀಸೆಯೂ ಸರಿಯಾಗಿ ಬಂದಿರುವುದಿಲ್ಲ.

ನನ್ನ ತಕರಾರು ಈ ಪದ ನಮ್ಮ ತಲೆಯೊಳಗೆ ಬಿಡಿಸುವ ಚಿತ್ರದ ಬಗ್ಗೆ. ಖದೀಮರು, ಹ್ಯಾಕರ್‌ಗಳು, ಖತರ್ನಾಕ್ ಗ್ಯಾಂಗ್. ಯಾವುದನ್ನೇ ಬರೆಯಿರಿ, ಟಿವಿಯವರು ತೋರಿಸುವ ಅದೇ ಚಿತ್ರ ಬರುತ್ತದೆ: ಕತ್ತಲ ಕೋಣೆ, ಮುಖ ಕಾಣದ ಹಾಗೆ ಟೋಪಿ ಎಳೆದುಕೊಂಡ ಒಬ್ಬ, ಕಪ್ಪು ಪರದೆ ಮೇಲೆ ಹಸಿರು ಅಕ್ಷರಗಳ ಮಳೆ. ನಾಲ್ಕೈದು ಜನ ಮಹಾ ಬುದ್ಧಿವಂತ ಕೆಟ್ಟವರು ಎಲ್ಲೋ ದೂರದಲ್ಲಿ ಕೂತಿದ್ದಾರೆ. ಅವರೇ ಬೇರೆ, ನಾವೇ ಬೇರೆ.

ಈ ಚಿತ್ರ ಸುಳ್ಳು ಅನ್ನುವುದಕ್ಕೆ ಕಾಂಟಿ ಅನ್ನುವ ಗುಂಪಿನ ಕತೆ ಸಾಕು. ಇದು ರಾನ್ಸಮ್‌ವೇರ್ ಗುಂಪಾಗಿತ್ತು. ಅಂದರೆ ನಿಮ್ಮ ಕಂಪ್ಯೂಟರಿನ ಕಡತಗಳಿಗೆಲ್ಲ ಬೀಗ ಜಡಿದು, ಕೀ ಬೇಕಾದರೆ ದುಡ್ಡು ಕೊಡಿ ಅನ್ನುವವರು. 2021ರ ಮೇ ತಿಂಗಳಲ್ಲಿ ಐರ್ಲೆಂಡಿನ ಸರ್ಕಾರಿ ಆರೋಗ್ಯ ವ್ಯವಸ್ಥೆಯ ಕಂಪ್ಯೂಟರುಗಳನ್ನೇ ಸ್ಥಗಿತಗೊಳಿಸಿದವರು ಇವರು. 2022ರಲ್ಲಿ ಕೋಸ್ಟರಿಕಾದ ಹಣಕಾಸು ಇಲಾಖೆಗೆ ನುಗ್ಗಿದರು. ಅಲ್ಲಿನ ಹೊಸ ಅಧ್ಯಕ್ಷರು ಅಧಿಕಾರ ವಹಿಸಿಕೊಂಡ ದಿನವೇ ಈ ಕಾರಣಕ್ಕೆ ತುರ್ತು ಪರಿಸ್ಥಿತಿ ಘೋಷಿಸಬೇಕಾಯಿತು. ಒಂದು ದೇಶ ಸೈಬರ್ ದಾಳಿಗೆ ತುರ್ತು ಪರಿಸ್ಥಿತಿ ಘೋಷಿಸಿತು ಅಂದರೆ ಎಂಥ ರಾಕ್ಷಸರಪ್ಪಾ ಇವರು ಅನ್ನಿಸುತ್ತದೆ, ಅಲ್ವಾ?

ಆದರೆ ಅದೇ ವರ್ಷ ಫೆಬ್ರುವರಿ ಕೊನೆಗೆ, ರಷ್ಯಾ ಉಕ್ರೇನ್ ಮೇಲೆ ಯುದ್ಧ ಶುರು ಮಾಡಿದಾಗ, ಕಾಂಟಿ ರಷ್ಯಾದ ಪರ ಹೇಳಿಕೆ ಕೊಟ್ಟಿತು. ಅದರಿಂದ ಸಿಟ್ಟಾದ ಯಾರೋ ಅವರ ಒಳಗಿನ ಮಾತುಕತೆಯನ್ನೆಲ್ಲ ಬಯಲಿಗೆ ಹಾಕಿದರು. ಹತ್ತಾರು ಸಾವಿರ ಮೆಸೇಜುಗಳು. ಅದರಲ್ಲಿ ಏನಿತ್ತು ಗೊತ್ತಾ? ಆಫೀಸು. ವಾರಕ್ಕೆ ಐದು ದಿನ ಕೆಲಸ. ತಿಂಗಳಿಗೆ ಒಂದೂವರೆ-ಎರಡು ಸಾವಿರ ಡಾಲರ್ ಸಂಬಳ. ಜನ ತೆಗೆದುಕೊಳ್ಳಲು ಎಚ್‌ಆರ್ ವಿಭಾಗ. ಚೆನ್ನಾಗಿ ಕೆಲಸ ಮಾಡಿದವರಿಗೆ ‘ತಿಂಗಳ ಉದ್ಯೋಗಿ’ ಅಂತ ಬೋನಸ್, ಮಾಡದವರಿಗೆ ಸಂಬಳದಲ್ಲಿ ಕಡಿತ. ಮಾಮೂಲಿ ಉದ್ಯೋಗ ಜಾಲತಾಣಗಳಿಂದ ಬಯೋಡೇಟಾ ಎತ್ತಿಕೊಂಡು ಇಂಟರ್‌ವ್ಯೂ ಮಾಡುತ್ತಿದ್ದರು. ಕೆಲಸಕ್ಕೆ ಸೇರಿದ ಕೆಲವರಿಗೆ ತಾವು ಬರೆಯುತ್ತಿರುವುದು ಯಾವುದಕ್ಕೆ ಅನ್ನುವುದೇ ಗೊತ್ತಿರಲಿಲ್ಲ. ಜಾಹೀರಾತಿನ ಸಾಫ್ಟ್‌ವೇರ್ ಅಂತ ಒಬ್ಬನಿಗೆ ಹೇಳಿದ್ದರು!

ಬೆಂಗಳೂರಿನ ಯಾವ ಟೆಕ್ ಪಾರ್ಕಿನಲ್ಲಿ ನಿಂತು ಈ ಮೆಸೇಜುಗಳನ್ನು ಜೋರಾಗಿ ಓದಿದರೂ ಯಾರೂ ತಿರುಗಿ ನೋಡುವುದಿಲ್ಲ.

ಲಾಕ್‌ಬಿಟ್ ಅನ್ನುವ ಇನ್ನೊಂದು ಗುಂಪು ಇದಕ್ಕಿಂತ ಒಂದು ಹೆಜ್ಜೆ ಮುಂದೆ. ಅವರದು ಫ್ರಾಂಚೈಸಿ ಲೆಕ್ಕ. ಸಾಮಾನು ಅವರದು, ನುಗ್ಗುವ ಕೆಲಸ ಪಾಲುದಾರರದು. ಬಂದ ದುಡ್ಡಿನಲ್ಲಿ ಇವರಿಗೆ ನೂರಕ್ಕೆ 20, ಉಳಿದದ್ದು ನುಗ್ಗಿದವರಿಗೆ. 2022ರ ಡಿಸೆಂಬರಿನಲ್ಲಿ ಅವರ ಒಬ್ಬ ಪಾಲುದಾರ ಟೊರಾಂಟೊದ ಮಕ್ಕಳ ಆಸ್ಪತ್ರೆಗೆ ಬೀಗ ಜಡಿದ. ಲಾಕ್‌ಬಿಟ್‌ನವರು ಕ್ಷಮೆ ಕೇಳಿದರು! ನಮ್ಮ ಪಾಲುದಾರ ನಿಯಮ ಮೀರಿದ್ದಾನೆ, ಅವನನ್ನು ತೆಗೆದುಹಾಕಿದ್ದೇವೆ, ಕೀ ಉಚಿತವಾಗಿ ತೆಗೆದುಕೊಳ್ಳಿ ಅಂತ. ಥೇಟು ಕಸ್ಟಮರ್ ಕೇರ್ ಧಾಟಿ. 2024ರ ಫೆಬ್ರುವರಿಯಲ್ಲಿ ಬ್ರಿಟನ್ ಮತ್ತು ಅಮೆರಿಕದ ಪೊಲೀಸರು ಬೇರೆ ದೇಶಗಳನ್ನೂ ಸೇರಿಸಿಕೊಂಡು ಇವರ ವೆಬ್‌ಸೈಟನ್ನೇ ವಶಕ್ಕೆ ತೆಗೆದುಕೊಂಡರು.

ಹೆಸರಿನ ವಿಷಯಕ್ಕೆ ಬಂದರೆ ಇಂಗ್ಲಿಷಿನವರೂ ಕಮ್ಮಿ ಇಲ್ಲ. ಕ್ರೌಡ್‌ಸ್ಟ್ರೈಕ್ ಅನ್ನುವ ಸೈಬರ್ ಭದ್ರತಾ ಕಂಪನಿ ಈ ಗುಂಪುಗಳಿಗೆಲ್ಲ ಪ್ರಾಣಿಗಳ ಹೆಸರಿಡುತ್ತದೆ. ರಷ್ಯಾದವರು ಕರಡಿ, ಚೀನಾದವರು ಪಾಂಡಾ, ಇರಾನಿನವರು ಬೆಕ್ಕಿನ ಮರಿ. ಬರೀ ದುಡ್ಡಿಗಾಗಿ ಮಾಡುವವರು ಜೇಡ. ಭಾರತದ ಕಡೆಯವರು ಅಂತ ಅವರು ಗುರುತಿಸಿದವರಿಗೆ ಹುಲಿ, ಪಾಕಿಸ್ತಾನಕ್ಕೆ ಚಿರತೆ. (ಐಪಿಎಲ್ ತಂಡಗಳ ಹಾಗೆ ಕೇಳಿಸುತ್ತದೆ.) ಇಂಥ ಗತ್ತಿನ ಹೆಸರು ಕೊಟ್ಟು ಕಳ್ಳರನ್ನು ಹೀರೋ ಮಾಡಬೇಡಿ ಅಂತ ಅಮೆರಿಕದ ಸರ್ಕಾರಿ ಸೈಬರ್ ಭದ್ರತಾ ಸಂಸ್ಥೆಯ ಮುಖ್ಯಸ್ಥೆಯಾಗಿದ್ದ ಜೆನ್ ಈಸ್ಟರ್ಲಿ 2024ರಲ್ಲಿ ಹೇಳಿದ್ದರು. ‘ಬಡಕಲು ಪೀಡೆ’ ಅನ್ನುವಂಥ ಹೆಸರಿಡಿ ಅಂತ ತಮಾಷೆಯನ್ನೂ ಮಾಡಿದ್ದರು.

ನಮ್ಮಲ್ಲಿ ಇದರ ಇನ್ನೊಂದು ಮುಖ ಇದೆ, ಅದು ನನಗೆ ಜಾಸ್ತಿ ಚುಚ್ಚುತ್ತದೆ. ಕಳ್ಳನಿಗೆ ಖಾರದ ಹೆಸರು ಕೊಟ್ಟ ಹೆಡ್‌ಲೈನು, ಕಳೆದುಕೊಂಡವರಿಗೆ ಏನು ಮಾಡುತ್ತದೆ ನೋಡಿ. ‘ಟೆಕ್ಕಿಗೆ ಕೋಟಿ ರೂ. ಪಂಗನಾಮ’, ‘ನಿವೃತ್ತ ಶಿಕ್ಷಕಿಗೆ ಮಕ್ಮಲ್ ಟೋಪಿ’, ‘ಉಂಡೆನಾಮ ತಿಕ್ಕಿದ ಖದೀಮರು’. ಪಂಗನಾಮ, ಟೋಪಿ, ಉಂಡೆನಾಮ, ಮೂರೂ ನಗಿಸುವ ಪದಗಳು. ಚೀಟಿ ದುಡ್ಡು ಎತ್ತಿಕೊಂಡು ಭಾವಮೈದ ಓಡಿಹೋದಾಗ ಊರವರು ಕಟ್ಟೆ ಮೇಲೆ ಕೂತು ಆಡುವ ಮಾತುಗಳು. ಅವುಗಳನ್ನು ತಂದು ಜೀವಮಾನದ ಪಿಎಫ್ ಕಳೆದುಕೊಂಡ 68ರ ಹೆಂಗಸಿನ ಹೆಸರಿನ ಪಕ್ಕ ಇಟ್ಟರೆ ಏನಾಗುತ್ತದೆ? ಆಕೆ ಪೇಪರ್ ನೋಡಿ ಇನ್ನಷ್ಟು ಕುಗ್ಗುತ್ತಾಳೆ. ಅದನ್ನು ಓದಿದ ಇನ್ನೊಬ್ಬರು ತಮಗೂ ಹೀಗೇ ಆಗಿದೆ ಅಂತ ಮಗನಿಗೂ ಹೇಳುವುದಿಲ್ಲ, ಪೊಲೀಸರಿಗೂ ಹೇಳುವುದಿಲ್ಲ. ಇಲ್ಲಿ ತಡ ಮಾಡಿದಷ್ಟೂ ಕಷ್ಟ. ಸೈಬರ್ ಮೋಸದ ಸಹಾಯವಾಣಿ 1930ಕ್ಕೆ ಬೇಗ ಫೋನ್ ಹೋದರೆ ದುಡ್ಡು ಹಾದಿಯಲ್ಲೇ ಎಲ್ಲಾದರೂ ತಡೆಹಿಡಿಯುವ ಸಾಧ್ಯತೆ ಇರುತ್ತದೆ. ಮಾನಕ್ಕೆ ಅಂಜಿ ಎರಡು ದಿನ ಸುಮ್ನೆ ಕೂತರೆ ಅದು ಹತ್ತು ಖಾತೆ ದಾಟಿರುತ್ತದೆ.

ಇಂಟರ್‌ಪೋಲ್ 2024ರ ಡಿಸೆಂಬರಿನಲ್ಲಿ ಇದೇ ಕಾರಣಕ್ಕೆ ಒಂದು ಮನವಿ ಮಾಡಿತು. ಆನ್‌ಲೈನಿನಲ್ಲಿ ಪ್ರೀತಿಯ ನಾಟಕ ಆಡಿ, ತಿಂಗಳುಗಟ್ಟಲೆ ನಂಬಿಸಿ, ಆಮೇಲೆ ಸುಳ್ಳು ಹೂಡಿಕೆಗೆ ದುಡ್ಡು ಹಾಕಿಸುವ ಮೋಸಕ್ಕೆ ಜಗತ್ತಿನಾದ್ಯಂತ ‘ಹಂದಿ ಕಡಿಯುವುದು’ ಅನ್ನುವ ಹೆಸರು ಬಿದ್ದುಬಿಟ್ಟಿದೆ. ಚೆನ್ನಾಗಿ ಮೇಯಿಸಿ ಆಮೇಲೆ ಕಡಿ ಅನ್ನುವುದು ಅದರ ಅರ್ಥ. ಅದು ಮೋಸಗಾರರದೇ ಭಾಷೆ, ಚೀನಿಯಿಂದ ಬಂದದ್ದು. ಮೋಸ ಹೋದವರನ್ನು ಹಂದಿ ಅಂತ ಕರೆಯುವ ಪದವನ್ನು ಪೊಲೀಸರು, ಪತ್ರಕರ್ತರು ಬಳಸಬೇಡಿ ಅಂತ ಇಂಟರ್‌ಪೋಲ್ ಕೇಳಿಕೊಂಡಿತು.

ಪೊಲೀಸರ ಸೋಗಿನಲ್ಲಿ ವಿಡಿಯೊ ಕಾಲ್ ಮಾಡಿ, ನಿಮ್ಮನ್ನು ಬಂಧಿಸಿದ್ದೇವೆ ಅಂತ ಹೆದರಿಸಿ ದುಡ್ಡು ಕೀಳುವ ‘ಡಿಜಿಟಲ್ ಅರೆಸ್ಟ್’ ಕೂಡ ಅದೇ ಜಾತಿಯ ಪದ. ನಮ್ಮ ಯಾವ ಕಾನೂನಿನಲ್ಲೂ ಹಾಗೊಂದು ಬಂಧನ ಇಲ್ಲ. ಪ್ರಧಾನಿಯವರೇ 2024ರ ಅಕ್ಟೋಬರ್ 27ರ ಮನ್ ಕಿ ಬಾತ್‌ನಲ್ಲಿ ಅದನ್ನು ಹೇಳಿದರು. ಅವತ್ತು ಅವರು ಕೇಳಿಸಿದ ಸಂಭಾಷಣೆ ನಮ್ಮ ವಿಜಯಪುರದ ಯುವಕನೊಬ್ಬನದು. ಆದರೂ ನಾವು ‘ಡಿಜಿಟಲ್ ಅರೆಸ್ಟ್ ಆದ ವೈದ್ಯೆ’ ಅಂತ ಬರೆಯುತ್ತೇವೆ. ಕಳ್ಳರು ಕಟ್ಟಿದ ನಾಟಕಕ್ಕೆ ಬೋರ್ಡ್ ಬರೆದುಕೊಡುವ ಕೆಲಸ ನಮ್ಮದು.

ಊರಿನ ಹೆಸರನ್ನೇ ಬೈಗುಳ ಮಾಡಿದ್ದೂ ಉಂಟು. ‘ಜಾಮ್ತಾರಾ ಗ್ಯಾಂಗ್’ ಅಂದರೆ ಈಗ ಎಲ್ಲರಿಗೂ ಅರ್ಥವಾಗುತ್ತದೆ. ಜಾರ್ಖಂಡಿನ ಆ ಜಿಲ್ಲೆಯಲ್ಲಿ ಕರ್ಮಾಟಾಂಡ್ ಅನ್ನುವ ಊರಿದೆ, ಒಟಿಪಿ ಕೇಳುವ ಫೋನುಗಳಿಗೆ ಕುಖ್ಯಾತ. ಆ ಊರಿನ ರೈಲ್ವೆ ನಿಲ್ದಾಣದ ಹೆಸರು ವಿದ್ಯಾಸಾಗರ್. ಈಶ್ವರಚಂದ್ರ ವಿದ್ಯಾಸಾಗರರು ತಮ್ಮ ಕೊನೆಯ ಕಾಲದ ಬಹಳಷ್ಟು ವರ್ಷ ಅಲ್ಲಿ ಸಂಥಾಲರ ನಡುವೆ ಇದ್ದರು, ಹೋಮಿಯೋಪಥಿ ಔಷಧ ಕೊಡುತ್ತಿದ್ದರು. ಈಗ ಆ ಊರಿನವರು ಬೇರೆ ಕಡೆ ಬಾಡಿಗೆ ಮನೆ ಕೇಳಿದರೆ ಕೊಡುವವರು ಎರಡು ಸಲ ಯೋಚಿಸಬಹುದು. ‘ಜಾಮ್ತಾರಾ’ ಅಂತ ಬರೆದಾಗಲೂ ನಮಗೆ ಅದೇ ಸಮಾಧಾನ: ಎಲ್ಲೋ ದೂರದವರು.

ದೂರದವರಾ? ಬೆಂಗಳೂರಿನಲ್ಲೇ ಕೂತು ಅಮೆರಿಕದವರಿಗೆ ಫೋನ್ ಮಾಡಿ ಹೆದರಿಸುವ ನಕಲಿ ಕಾಲ್ ಸೆಂಟರುಗಳ ಮೇಲೆ ಪೊಲೀಸರು ದಾಳಿ ಮಾಡಿದ್ದಾರೆ. ಇನ್ನು ಫೋನ್ ಮಾಡುವುದು ಯಾರೇ ಇರಲಿ, ದುಡ್ಡು ಹಾದುಹೋಗುವುದು ಎಲ್ಲಿಂದ?

ದಾವಣಗೆರೆಯಲ್ಲಿ ನಮ್ಮ ಬೀದಿಯ ಹುಡುಗ ಒಬ್ಬನಿದ್ದಾನೆ. ಬಿ.ಕಾಂ. ಕೊನೆಯ ವರ್ಷ. ಒಂದು ಸಂಜೆ ಅವನ ತಾಯಿ ಅವನನ್ನು ಕರೆದುಕೊಂಡು ಮನೆಗೆ ಬಂದರು. ಕೈಯಲ್ಲಿ ಬೇರೆ ರಾಜ್ಯದ ಪೊಲೀಸರು ಕಳಿಸಿದ ನೋಟಿಸು, ಹಿಂದಿಯಲ್ಲಿ. “ಅಣ್ಣಾರೆ, ನೀವು ಪೇಪರ್‌ನೋರು, ಇದರಾಗೆ ಏನೈತಿ ಸ್ವಲ್ಪ ನೋಡ್ರಿ” ಅಂದರು.

ಕತೆ ಸಣ್ಣದು. ಹಳೇ ಹಾಸ್ಟೆಲ್ಲಿನ ಸೀನಿಯರ್ ಒಬ್ಬ ಹೇಳಿದ್ದನಂತೆ, ನಿನ್ನ ಹೆಸರಲ್ಲಿ ಒಂದು ಅಕೌಂಟ್ ಮಾಡಿಸಿಕೊಡು, ಗೇಮಿಂಗ್ ದುಡ್ಡು ಬರುತ್ತೆ, ನಮ್ಮ ಅಕೌಂಟಿಗೆ ಬಂದರೆ ಟ್ಯಾಕ್ಸ್ ತಾಪತ್ರಯ, ತಿಂಗಳಿಗೆ 5,000 ಕೊಡ್ತೀವಿ. ಇವನು ಮಾಡಿಸಿದ. ಪಾಸ್‌ಬುಕ್, ಚೆಕ್‌ಬುಕ್, ಎಟಿಎಂ ಕಾರ್ಡ್, ಅದರ ಪಿನ್ ಬರೆದ ಚೀಟಿ, ಆ ಅಕೌಂಟಿಗೆ ಅಂತಲೇ ತೆಗೆದ ಹೊಸ ಸಿಮ್. ಎಲ್ಲವನ್ನೂ ಒಂದು ಕವರಿಗೆ ಹಾಕಿ ಬಸ್ಸಿನ ಪಾರ್ಸೆಲ್‌ನಲ್ಲಿ ಬೆಂಗಳೂರಿಗೆ ಕಳಿಸಿದ. ಇದಕ್ಕೆ ಅವರ ಭಾಷೆಯಲ್ಲಿ ‘ಕಿಟ್’ ಅನ್ನುತ್ತಾರಂತೆ. ಒಂದು ತಿಂಗಳ ದುಡ್ಡು ಬಂತು, ಎರಡನೇ ತಿಂಗಳು ನೋಟಿಸ್ ಬಂತು.

ಅಕೌಂಟಿನ ಸ್ಟೇಟ್‌ಮೆಂಟ್ ಅವನು ಬ್ಯಾಂಕಿನಿಂದ ತಂದಿದ್ದ, ನಾನೂ ನೋಡಿದೆ. ಮೊದಲ ಪುಟದಲ್ಲಿ 500, 1,000, ಪರೀಕ್ಷೆ ಮಾಡಿ ನೋಡಿದ ಹಾಗೆ. ಆಮೇಲೆ ಒಂದು ಬೆಳಿಗ್ಗೆ 8 ಲಕ್ಷ ಒಂದೇ ಸಲ ಜಮಾ. ಅದರ ಕೆಳಗಿನ ಸಾಲಿನಿಂದಲೇ ಹೊರಗೆ ಹೋಗಲು ಶುರು. 49,000, 49,500, 98,000, ಬೇರೆ ಬೇರೆ ಹೆಸರುಗಳಿಗೆ, ಕೆಲವು ಹೆಸರು ನಮ್ಮ ಕಡೆಯವೇ. ಅದೇ ದಿನದ ಕೊನೆಯ ಸಾಲಿನಲ್ಲಿ ಉಳಿದದ್ದು 212 ರೂಪಾಯಿ. 8 ಲಕ್ಷ ಕಳಿಸಿದವರ, ಅಂದರೆ ಮೋಸ ಹೋದವರ, ಹೆಸರಿನ ಮುಂದೆ ‘ಫ್ಲಾಟ್ ಅಡ್ವಾನ್ಸ್’ ಅಂತ ಇತ್ತು. ಬ್ಯಾಂಕಿನವರು ಕೇಳಿದರೆ ಹೀಗೆ ಬರಿ ಅಂತ ಫೋನಿನಲ್ಲಿ ಇದ್ದ ಮೋಸಗಾರನೇ ಅವರಿಗೆ ಹೇಳಿಕೊಟ್ಟಿರುತ್ತಾನೆ.

ಹುಡುಗ ಒಂದೇ ಮಾತು ಹೇಳುತ್ತಿದ್ದ: “ನಾನೇನೂ ಕದ್ದಿಲ್ಲಣ್ಣ, ಅಕೌಂಟ್ ಕೊಟ್ಟೆ ಅಷ್ಟೆ.” ತಾಯಿ ಕೇಳಿದರು: “ಪೇಪರ್‌ನಾಗೆ ಗ್ಯಾಂಗು ಗ್ಯಾಂಗು ಅಂತ ಬರೀತೀರಲ್ರಿ, ಅದಕ್ಕೂ ಇವನಿಗೂ ಏನ್ ಸಂಬಂಧ?”

ಅವರ ಪ್ರಶ್ನೆ ಸರಿಯಾಗೇ ಇತ್ತು. ಗ್ಯಾಂಗ್ ಅಂದರೆ ಒಬ್ಬರಿಗೊಬ್ಬರು ಗೊತ್ತಿರಬೇಕು, ಒಟ್ಟಿಗೆ ಕೂತು ಸ್ಕೆಚ್ ಹಾಕಬೇಕು. ಈ ಹುಡುಗ ಆ ಸೀನಿಯರ್ ಬಿಟ್ಟರೆ ಯಾರನ್ನೂ ನೋಡಿಲ್ಲ. ಆ ಸೀನಿಯರ್‌ಗೂ ತನ್ನ ಮೇಲಿನವನು ಬರೀ ಒಂದು ಟೆಲಿಗ್ರಾಂ ಹೆಸರು. ‘ಗ್ಯಾಂಗ್ ಸೇರುತ್ತೀಯಾ’ ಅಂತ ಕೇಳಿದ್ದರೆ ಇವನು ಖಂಡಿತ ಓಡಿಹೋಗುತ್ತಿದ್ದ. ‘ಅಕೌಂಟ್ ಕೊಡ್ತೀಯಾ’ ಅಂದರು, ಕೊಟ್ಟ. ಕಾಲೇಜಿನ ನೋಟಿಸ್ ಬೋರ್ಡಿನಲ್ಲಿ ಸೈಬರ್ ಖದೀಮರಿದ್ದಾರೆ ಎಚ್ಚರಿಕೆ ಅನ್ನುವ ಪೋಸ್ಟರ್ ಇರಬಹುದು. ಅದನ್ನು ಓದಿದರೂ ಅದು ತನ್ನ ಬಗ್ಗೆ ಅಂತ ಅವನಿಗೆ ಅನ್ನಿಸುತ್ತಿರಲಿಲ್ಲ.

ಬ್ಯಾಂಕಿನವರು ಇಂಥದ್ದಕ್ಕೆ ‘ಮ್ಯೂಲ್ ಅಕೌಂಟ್’ ಅನ್ನುತ್ತಾರೆ. ಮ್ಯೂಲ್ ಅಂದರೆ ಹೇಸರಗತ್ತೆ. ಅದನ್ನು ಹಿಡಿಯುವ ಮ್ಯೂಲ್‌ಹಂಟರ್ ಅನ್ನುವ ಎಐ ವ್ಯವಸ್ಥೆಯನ್ನು ಕಟ್ಟಿದ್ದು ನಮ್ಮ ಬೆಂಗಳೂರಿನಲ್ಲೇ ಇರುವ ರಿಸರ್ವ್ ಬ್ಯಾಂಕಿನ ಇನ್ನೋವೇಷನ್ ಹಬ್. ನನಗೆ ಈ ಪದವೂ ಅಷ್ಟು ಸರಿ ಅನ್ನಿಸುವುದಿಲ್ಲ. ಹೇಸರಗತ್ತೆಗೆ ಬೆನ್ನ ಮೇಲೆ ಏನಿದೆ ಅಂತ ಗೊತ್ತಿರುವುದಿಲ್ಲ, ಕೂಲಿಯನ್ನೂ ಯಾರೂ ಕೊಡುವುದಿಲ್ಲ. ಇಲ್ಲಿ ದುಡ್ಡು ಕೈಬದಲಾಗಿದೆ. ‘ಬಾಡಿಗೆ ಖಾತೆ’ ಅಂತ ನೇರವಾಗಿ ಹೇಳಿದರೆ ಕೊಟ್ಟವನಿಗೂ ತಾನು ಏನು ಕೊಟ್ಟೆ, ಯಾಕೆ ಕೊಟ್ಟೆ ಅನ್ನುವುದು ತಿಳಿಯುತ್ತದೆ.

ಇಡೀ ವ್ಯವಹಾರಕ್ಕೆ ನಮ್ಮ ಹತ್ತಿರ ಈಗಾಗಲೇ ಒಳ್ಳೆ ಪದ ಇದೆ. ದಂಧೆ.

‘ಅಕ್ರಮ ಮರಳು ದಂಧೆ: ಟ್ರ್ಯಾಕ್ಟರ್ ವಶ, ಚಾಲಕ ಪರಾರಿ’. ಈ ಸುದ್ದಿ ಓದಿದ ಕನ್ನಡಿಗ ಯಾರಾದರೂ ಆ ಚಾಲಕನೇ ಎಲ್ಲದಕ್ಕೂ ಕಾರಣ ಅಂದುಕೊಳ್ಳುತ್ತಾರಾ? ದಂಧೆ ಅಂದ ತಕ್ಷಣ ನಮಗೆ ಪೂರ್ತಿ ಚಿತ್ರ ಗೊತ್ತು. ಹೊಳೆಯಲ್ಲಿ ಬಗೆಯುವವರು ಬೇರೆ, ಟ್ರ್ಯಾಕ್ಟರ್ ಯಾರದೋ, ಚೆಕ್‌ಪೋಸ್ಟಿನಲ್ಲಿ ಆ ಕಡೆ ಮುಖ ಮಾಡಿ ನಿಲ್ಲುವವರು ಯಾರೋ, ಸ್ಟಾಕ್ ಯಾರ ತೋಟದಲ್ಲೋ, ಕೊನೆಗೆ ಮನೆ ಕಟ್ಟಿಸಿದವರು ನಮ್ಮ ನೆಂಟರೇ. ‘ದಂಧೆ’ ಅನ್ನುವಾಗಲೇ ಊರಿನವರ ಪಾಲಿಲ್ಲದೆ ಇದು ನಡೆಯುವುದಿಲ್ಲ ಅನ್ನುವ ತಿಳಿವಳಿಕೆ ಆ ಪದದಲ್ಲಿ ಸೇರಿಕೊಂಡಿರುತ್ತದೆ. ಮಟ್ಕಾ ದಂಧೆ, ಮೀಟರ್ ಬಡ್ಡಿ ದಂಧೆ, ಎಲ್ಲ ಹಾಗೇ.

ಸೈಬರ್ ದಂಧೆಯಲ್ಲೂ ಪಾಲುದಾರರು ಒಬ್ಬಿಬ್ಬರಲ್ಲ. ಸಾಲದ ಅರ್ಜಿ ಹಾಕಿದವರ ಫೋನ್ ನಂಬರಿನ ಪಟ್ಟಿ ಮಾರಿದವನು. ಅಂಗಡಿಯ ಬೋರ್ಡ್ ಕೂಡ ನೋಡದೆ ಕರೆಂಟ್ ಅಕೌಂಟ್ ತೆರೆದುಕೊಟ್ಟ ಬ್ಯಾಂಕ್ ಸಿಬ್ಬಂದಿ, ಅವನಿಗೂ ತಿಂಗಳ ಟಾರ್ಗೆಟ್ ಇರುತ್ತದೆ. ಕೊಡೆ ಹಾಕಿಕೊಂಡು ರಸ್ತೆ ಬದಿ ಸಿಮ್ ಮಾರುವವನು. “ಸರ್ವರ್ ಬಿಝಿ ಅಜ್ಜಿ, ಇನ್ನೊಂದ್ ಸಲ ಹೆಬ್ಬೆಟ್ಟು ಒತ್ತು” ಅಂತಾನಲ್ಲ, ಆ ಎರಡನೇ ಹೆಬ್ಬೆಟ್ಟಿಗೆ ಅಜ್ಜಿಯ ಹೆಸರಲ್ಲಿ ಇನ್ನೊಂದು ಸಿಮ್ ಹುಟ್ಟುತ್ತದೆ. ಕೊನೆಗೆ ದುಡ್ಡನ್ನು ಕ್ರಿಪ್ಟೊ ಮಾಡಿ ದೇಶದಾಚೆ ಸಾಗಿಸುವವನು. 2024ರಲ್ಲಿ ಭಾರತೀಯರು ಸೈಬರ್ ಮೋಸಗಳಲ್ಲಿ ಕಳೆದುಕೊಂಡದ್ದು 22,845 ಕೋಟಿ ರೂಪಾಯಿ ಅಂತ ಕೇಂದ್ರ ಸರ್ಕಾರವೇ ಸಂಸತ್ತಿಗೆ ಹೇಳಿದೆ. ಇಷ್ಟು ದುಡ್ಡನ್ನು ಟೋಪಿ ಎಳೆದುಕೊಂಡ ನಾಲ್ಕು ಜನ ಹೊತ್ತುಕೊಂಡು ಹೋಗಲಾರರು.

ಇದೇ ದಂಧೆಯ ಆ ತುದಿಯಲ್ಲಿ ಇನ್ನೊಂದು ನರಕ ಇದೆ. ಥಾಯ್ಲೆಂಡ್ ಗಡಿಗೆ ಅಂಟಿಕೊಂಡ ಮ್ಯಾನ್ಮಾರಿನ ಮ್ಯಾವಡ್ಡಿ, ಕೆಕೆ ಪಾರ್ಕ್. ಡೇಟಾ ಎಂಟ್ರಿ ಕೆಲಸ ಅಂತ ಕರೆಸಿ, ಪಾಸ್‌ಪೋರ್ಟ್ ಕಿತ್ತುಕೊಂಡು, ಮೋಸದ ಫೋನ್ ಮಾಡಲು ಕೂರಿಸುವ ಜಾಗಗಳು. ಟಾರ್ಗೆಟ್ ಮುಟ್ಟದಿದ್ದರೆ ಹೊಡೆತ. ಮ್ಯಾನ್ಮಾರಿನಲ್ಲಿ ಕಡಿಮೆಯೆಂದರೂ 1,20,000 ಜನ, ಕಾಂಬೋಡಿಯಾದಲ್ಲಿ ಸುಮಾರು 1 ಲಕ್ಷ ಜನ ಹೀಗೆ ಸಿಕ್ಕಿಕೊಂಡಿರಬಹುದು ಅಂತ ವಿಶ್ವಸಂಸ್ಥೆಯ ಮಾನವ ಹಕ್ಕು ಕಚೇರಿ 2023ರಲ್ಲಿ ಅಂದಾಜು ಮಾಡಿತ್ತು. 2025ರ ಮಾರ್ಚಿನಲ್ಲಿ ಇಂಥ ಜಾಗಗಳಿಂದ ಬಿಡುಗಡೆಯಾದ 549 ಭಾರತೀಯರನ್ನು ನಮ್ಮ ವಾಯುಪಡೆಯ ವಿಮಾನಗಳು ಕರೆತಂದವು. ಕರೆತಂದ ದಿನದ ಸುದ್ದಿಯಲ್ಲಿ ಅವರು ‘ಸಂತ್ರಸ್ತರು’. ಅದಕ್ಕೆ ಒಂದು ತಿಂಗಳ ಮೊದಲು ಅವರೇ ಫೋನ್ ಮಾಡಿ ಯಾರದೋ ದುಡ್ಡು ಕಿತ್ತಿದ್ದರೆ, ಆ ದಿನದ ಸುದ್ದಿಯಲ್ಲಿ ‘ಖದೀಮರು’. ಇದಕ್ಕೂ ಕನ್ನಡದಲ್ಲಿ ಪದ ಇದೆ, ಜೀತ. ದಂಧೆಯಲ್ಲಿ ಜೀತದಾಳೂ ಇರುತ್ತಾನೆ ಅಂದರೆ ನಮಗೆ ಅರ್ಥವಾಗುತ್ತದೆ. ಖದೀಮರ ಗ್ಯಾಂಗಿನಲ್ಲಿ ಜೀತದಾಳು ಅಂದರೆ ತಲೆಬುಡ ತಿಳಿಯುವುದಿಲ್ಲ.

ಕಾನೂನು ಮಾತ್ರ ಈ ವಿಷಯದಲ್ಲಿ ಪತ್ರಿಕೆಗಳಿಗಿಂತ ಮುಂದಿದೆ. 2024ರ ಜುಲೈ 1ರಿಂದ ಜಾರಿಯಾದ ಭಾರತೀಯ ನ್ಯಾಯ ಸಂಹಿತೆಯ 111ನೇ ಸೆಕ್ಷನ್, ಸಂಘಟಿತ ಅಪರಾಧಗಳ ಪಟ್ಟಿಯಲ್ಲಿ ಸೈಬರ್ ಅಪರಾಧವನ್ನೂ ಸೇರಿಸಿದೆ. ಎರಡು ಜನ ಸೇರಿದರೂ ಸಿಂಡಿಕೇಟ್. ಶಿಕ್ಷೆ ಕನಿಷ್ಠ ಐದು ವರ್ಷ, ಜೀವಾವಧಿವರೆಗೂ ಹೋಗಬಹುದು. ಈ ಬಲೆಗೆ ದೊಡ್ಡ ಮೀನು ಬೀಳುತ್ತದಾ, ಅಥವಾ ಕವರಿನಲ್ಲಿ ಪಾಸ್‌ಬುಕ್ ಹಾಕಿ ಕಳಿಸಿದ ಬಿ.ಕಾಂ. ಹುಡುಗರೇ ಬೀಳುತ್ತಾರಾ ಅನ್ನುವುದು ನನ್ನ ಭಯ. ನಮ್ಮ ಬೀದಿಯ ಹುಡುಗನ ತಪ್ಪು ಏನೂ ಇಲ್ಲ ಅಂತ ನಾನು ಹೇಳುತ್ತಿಲ್ಲ. ಗೇಮಿಂಗ್ ದುಡ್ಡು, ಟ್ಯಾಕ್ಸ್ ತಾಪತ್ರಯ ಅಂದಾಗಲೇ ಅವನಿಗೆ ಏನೋ ಸರಿಯಿಲ್ಲ ಅಂತ ಅನ್ನಿಸಿತ್ತು, ಒಪ್ಪಿಕೊಂಡ. ಆದರೂ 5,000 ತೆಗೆದುಕೊಂಡ. ಆ ಪಾಲಿನಷ್ಟು ಅವನು ದಂಧೆಯೊಳಗಿದ್ದಾನೆ. ಅಷ್ಟೇ ಪಾಲು.

ಡೆಸ್ಕಿನಲ್ಲಿ ನನ್ನ ಪಕ್ಕ ಕೂರುವ ಹಿರಿಯರು ಇದನ್ನು ಒಪ್ಪುವುದಿಲ್ಲ. “ದಂಧೆ ಅಂತ ಬರೆದರೆ ಓದುಗನಿಗೆ ಬೈಯೋಕೆ ಒಂದು ಮುಖ ಬೇಡವಾ ಮಾರಾಯ? ಖದೀಮ ಅಂದ್ರೆ ಒಬ್ಬ ಮನುಷ್ಯ. ದಂಧೆ ಅಂದ್ರೆ ಯಾರು?” ಅಂತಾರೆ. ಇನ್ನೊಬ್ಬರು ಧಾರವಾಡದ ಕಡೆಯವರು, ಅವರ ಆಕ್ಷೇಪ ಬೇರೆ: “ನಮ್ ಕಡೆ ದಂಧೆ ಅಂದ್ರ ಕಸುಬು ಅಂತನೂ ಆಗ್ತದ್ರೀ, ಮರ್ಯಾದಿ ಕೊಟ್ಟಂಗ ಆಗ್ತದ.” ಇಬ್ಬರ ಮಾತಿನಲ್ಲೂ ಸ್ವಲ್ಪ ಹುರುಳಿದೆ. ಹಿರಿಯರ ಪ್ರಶ್ನೆಗೆ ನನ್ನ ಉತ್ತರ, ಮುಖ ಬೇಕಾದರೆ ಸಿಮ್ ಮಾರಿದವನಿಂದ ಹಿಡಿದು ಎಲ್ಲರ ಮುಖವನ್ನೂ ಬರೆಯೋಣ ಅಂತ. ಅದಕ್ಕೆ ಸಿಂಗಲ್ ಕಾಲಂ ಸಾಲುವುದಿಲ್ಲ, ಅದು ಗೊತ್ತು.

ಕರಾವಳಿಯ ಗೆಳೆಯರೇ, ನಿಮ್ಮ ಪತ್ರಿಕೆಗಳಲ್ಲಿ ಸೆನ್ ಠಾಣೆಯ (ಸೈಬರ್, ಆರ್ಥಿಕ, ಮಾದಕವಸ್ತು ಅಪರಾಧಗಳ ಪೊಲೀಸ್ ಠಾಣೆ) ಸುದ್ದಿಗಳು ದಿನಾ ಬರುತ್ತವಲ್ಲ, ಖಾತೆ ಬಾಡಿಗೆಗೆ ಕೊಟ್ಟವನಿಗೆ ಅಲ್ಲಿ ಏನಂತ ಬರೆಯುತ್ತಾರೆ? ಕಲಬುರಗಿ, ಬೀದರ್ ಕಡೆಯವರೂ ಹೇಳಿ. ಜನರ ಬಾಯಲ್ಲಿ ಇನ್ನೂ ಚುರುಕಾದ ಪದ ಹುಟ್ಟಿದ್ದರೆ ನನ್ನ ‘ಬಾಡಿಗೆ ಖಾತೆ’ಯನ್ನು ಈಗಲೇ ಕೈಬಿಡುತ್ತೇನೆ.